‘ಆಮಿಸ್’ ಚಿತ್ರದಲ್ಲಿ ಊಟ ಮತ್ತು ಬಯಕೆ: ಒಂದು ಅಧ್ಯಯನ ಟಿಪ್ಪಣಿ

ಭಾಸ್ಕರ್ ಹಜಾರಿಕಾ ನಿರ್ದೇಶನದ ಅಸ್ಸಾಮಿ ಚಿತ್ರ ‘ಆಮಿಸ್’ (2019) ಕುರಿತ ಟಿಪ್ಪಣಿ ಇದು. ಕಥೆಯನ್ನು ಕೊನೆಯವರೆಗೂ ಬಿಚ್ಚಿಟ್ಟಿದ್ದೇನೆ. ಚಿತ್ರ ನೋಡದವರು ನೋಡಿಕೊಂಡು ಬಂದು ಓದುವುದು ಒಳ್ಳೆಯದು.

ಪಾತ್ರಗಳ ಪರಿಚಯಕ್ಕೆ ಹೆಚ್ಚು ಹೊತ್ತು ಬೇಡ. ನಿರ್ಮಾಲಿ ಗುವಾಹಟಿಯ ಮಕ್ಕಳ ವೈದ್ಯೆ. ಅವಳ ಗಂಡನೂ ವೈದ್ಯ, ಆದರೆ ಮನೆಯಲ್ಲಿರುವುದು ಕಡಿಮೆ. ಸುಮನ್ ಈಶಾನ್ಯ ಭಾರತದ ಮಾಂಸಾಹಾರ ಪದ್ಧತಿಗಳ ಮೇಲೆ ಪಿಎಚ್‌.ಡಿ. ಮಾಡುತ್ತಿರುವ ಹುಡುಗ. ಮಾಂಸ ತಿಂದು ಹೊಟ್ಟೆ ಕೆಡಿಸಿಕೊಂಡ ಗೆಳೆಯನಿಗಾಗಿ ಅವಳ ಬಳಿ ಓಡಿ ಬರುತ್ತಾನೆ. ಶುಲ್ಕದ ಮಾತು ಊಟದ ಮಾತಾಗಿ ತಿರುಗುತ್ತದೆ. ಮೊಲ, ಬಾವಲಿ ಎಂದು ಅವಳು ತಿಂದಿರದ ಮಾಂಸಗಳ ರುಚಿ ಒಂದೊಂದಾಗಿ ಹತ್ತುತ್ತದೆ.

ನನ್ನನ್ನು ತಡೆದು ನಿಲ್ಲಿಸಿದ್ದು ಮುಂದಿನ ಹೆಜ್ಜೆ. ಪಶುವೈದ್ಯ ಗೆಳೆಯನ ನೆರವಿನಿಂದ ಸುಮನ್ ತನ್ನ ತೊಡೆಯ ಮಾಂಸ ತೆಗೆಸಿ, ಬೇಯಿಸಿ, ಅವಳಿಗೆ ಉಣಿಸುತ್ತಾನೆ. ‘ಇಲ್ಲಿ ಊಟ ಎಂದರೆ ಕಾಮದ ಸಂಕೇತ’ ಎಂಬ ಸಿದ್ಧ ಉತ್ತರ ಈ ಜಾಗದಲ್ಲಿ ಕೈಕೊಡುತ್ತದೆ. ಬರೀ ಸಂಕೇತವಾಗಿದ್ದರೆ ಮೊಲದ ಮಾಂಸವೇ ಸಾಕಿತ್ತಲ್ಲ?

ನಿಧಾನವಾಗಿ ಬಿಡಿಸೋಣ. ಇಬ್ಬರೂ ಒಂದು ಕಟ್ಟುಪಾಡನ್ನು ಬಾಯಿಬಿಟ್ಟು ಹೇಳದೆಯೇ ಪಾಲಿಸುತ್ತಾರೆ: ಒಬ್ಬರನ್ನೊಬ್ಬರು ಮುಟ್ಟುವುದಿಲ್ಲ. ಮದುವೆಯ ಕಾವಲು ಚರ್ಮದ ಮೇಲಿದೆ, ತಟ್ಟೆಯ ಮೇಲಿಲ್ಲ. ಪರಪುರುಷನ ಕೈ ಹಿಡಿದರೆ ತಪ್ಪು, ಅವನು ತಂದ ಮಾಂಸ ತಿಂದರೆ ಯಾರೇನು ಅಂದಾರು? ಆದರೆ ತುತ್ತು ಹೋಗುವುದು ಮೈಯ ಒಳಕ್ಕೆ, ಯಾವ ಸ್ಪರ್ಶಕ್ಕೂ ಸಿಗದ ಆಳಕ್ಕೆ. ಇನ್ನು ತಟ್ಟೆಗೆ ಬಂದದ್ದನ್ನು ಸಾಲಾಗಿ ಇಟ್ಟು ನೋಡಿ. ಮೊದಲು ಸುಮನ್ ತಂದದ್ದು, ಆಮೇಲೆ ಅವಳಿಗಾಗಿಯೇ ಹುಡುಕಿದ್ದು, ಕೊನೆಗೆ ಸುಮನ್ನೇ. ಹೀಗೆ ಜೋಡಿಸಿದರೆ ತೊಡೆಯ ತುಂಡು ಅದೇ ಸಾಲಿನ ಮುಂದಿನ ಐಟಂ. ಅವರ ಲೆಕ್ಕದಲ್ಲಿ ನಿಯಮ ಇನ್ನೂ ಮುರಿದಿಲ್ಲ. ನರಮಾಂಸ ತಿಂದ ಮೇಲೂ ನಿರ್ಮಾಲಿ ಪತಿವ್ರತೆಯೇ! ಗೆಳತಿ ಜುಮಿಯ ವಿವಾಹೇತರ ಸಂಬಂಧಕ್ಕೆ ಇದೇ ನಿರ್ಮಾಲಿ ಮುಖ ಸಿಂಡರಿಸುತ್ತಾಳೆ ಎಂಬುದನ್ನು ಪಕ್ಕದಲ್ಲಿ ಬರೆದಿಟ್ಟುಕೊಳ್ಳಿ. ಜುಮಿಯ ತಪ್ಪಿಗೆ ಸಮಾಜದಲ್ಲಿ ಹೆಸರಾದರೂ ಇದೆ.

ಅವರಿಬ್ಬರು ಕೈ ಹಿಡಿಯುವುದು ಕೊನೆಯಲ್ಲಿ, ಒಂದು ಕೊಲೆಯ ಸಲುವಾಗಿ ಬಂಧನವಾದ ಮೇಲೆ, ಮಾಧ್ಯಮದವರ ಎದುರಿಗೆ. ಉಳಿದ ಪ್ರೇಮಿಗಳು ಶುರು ಮಾಡುವ ಜಾಗದಲ್ಲಿ ಇವರು ಮುಗಿಸುತ್ತಾರೆ.

ನನಗೆ ಬಹಳ ಕೆಲಸಕ್ಕೆ ಬಂದ ಒಂದು ಉಪಾಯವಿದೆ: ಊಟದ ಪ್ರತಿ ದೃಶ್ಯದಲ್ಲಿ ತಿನ್ನುವವರನ್ನು ಬಿಟ್ಟು, ತಿನ್ನುವುದನ್ನು ನೋಡುತ್ತ ಕುಳಿತವರ ಮುಖ ಗಮನಿಸಿ. ಸುಮನ್‌ನ ಹೊಟ್ಟೆ ತುಂಬುವುದೇ ಅವಳು ಅಗಿಯುವುದನ್ನು ನೋಡಿ.

ಆಹಾರ ರಾಜಕೀಯದ ಬಗ್ಗೆ ಚಿಕ್ಕದಾಗಿ. ಯಾವ ಮಾಂಸ ಸಹಜ, ಯಾವುದು ಅಸಹ್ಯ ಎಂಬುದು ಆಯಾ ಸಮಾಜದ ರೂಢಿ ಎನ್ನುವುದು ಸುಮನ್‌ನ ವಾದ. ಈಶಾನ್ಯದವರ ಅಡುಗೆಗೆ ಬೆಂಗಳೂರಿನ ಬಾಡಿಗೆ ಮನೆಗಳಲ್ಲೂ ಮೂಗು ಮುರಿಯುವವರಿರುವಾಗ, ಆ ವಾದವನ್ನು ನರಮಾಂಸದವರೆಗೆ ಎಳೆದರೆ ಪೂರ್ವಗ್ರಹಕ್ಕೆ ತುಪ್ಪ ಸುರಿದಂತಲ್ಲವೇ? ನನಗೆ ಹಾಗೆ ಅನಿಸಲಿಲ್ಲ. ಮೊಲ, ಬಾವಲಿಗಳ ಊಟವನ್ನು ಚಿತ್ರ ನಾಲಗೆಯಲ್ಲಿ ನೀರೂರುವಂತೆ ತೋರಿಸುತ್ತದೆ. ದಿಗಿಲು ಹುಟ್ಟುವುದು ಗುವಾಹಟಿಯ ಮಧ್ಯಮವರ್ಗದ ಮರ್ಯಾದೆಯಿಂದ.

ನನ್ನ ತಕರಾರು ಬೇರೆ. ನಿರ್ಮಾಲಿಯ ನರಮಾಂಸದ ಚಟ ಬಲಿತ ಮೇಲೆ, ಆ ಮಾಂಸಕ್ಕಾಗಿ ಸುಮನ್ ಒಬ್ಬ ರಿಕ್ಷಾದವನನ್ನು ಕೊಲ್ಲುತ್ತಾನೆ. ಅಲ್ಲಿಯತನಕ ಮಾಂಸವನ್ನು ಕೊಟ್ಟವನು ಮನಸಾರೆ ಕೊಟ್ಟಿದ್ದ. ಈ ಬಡವನನ್ನು ಯಾರೂ ಕೇಳಲಿಲ್ಲ. ಚಿತ್ರವೂ ಅವನಿಗಾಗಿ ಹೆಚ್ಚು ಹೊತ್ತು ನಿಲ್ಲುವುದಿಲ್ಲ. ಪರೀಕ್ಷೆಯಲ್ಲಿ ‘ಇದು ಪ್ರೇಮಕಥೆಯೋ, ಭಯಾನಕ ಚಿತ್ರವೋ?’ ಎಂದು ಕೇಳಿದರೆ ನಾನು ಗೆರೆ ಎಳೆಯುವುದು ಆ ಕೊಲೆಯ ಹತ್ತಿರ. ತೊಡೆಯ ದೃಶ್ಯದಲ್ಲೇ ಎಳೆಯುವವರು ಸುಮನ್‌ನ ಒಪ್ಪಿಗೆಗೆ ಏನು ಬೆಲೆ ಎಂಬುದನ್ನೂ ಬರೆಯಬೇಕಾಗುತ್ತದೆ.