ಸಂಬಳ ಅಷ್ಟೇ ಇದೆ, ಕುರ್ಚಿ ಕೆಳಗಿಳಿದಿದೆ: ಇಂಥ ವರ್ಗಾವಣೆಯನ್ನು ಪ್ರಶ್ನಿಸಬಹುದಾ?

ಪ್ರಶ್ನೆ: ನಾನು ಸರ್ಕಾರಿ ಇಲಾಖೆಯೊಂದರಲ್ಲಿ ವಿಭಾಗದ ಮುಖ್ಯಸ್ಥನಾಗಿದ್ದೆ. ಹನ್ನೆರಡು ಜನ ಕೈಕೆಳಗಿದ್ದರು. ಈಗ ಬೇರೆ ಕಚೇರಿಗೆ ಹಾಕಿದ್ದಾರೆ. ಅಲ್ಲಿ ಸಿಬ್ಬಂದಿಯೂ ಇಲ್ಲ, ಕಡತಕ್ಕೆ ಸಹಿ ಹಾಕುವ ಅಧಿಕಾರವೂ ಇಲ್ಲ. ಸಂಬಳ ಕಡಿಮೆಯಾಗಿಲ್ಲವಲ್ಲ, ಕೇಸ್ ನಿಲ್ಲಲ್ಲ ಅಂತ ಎಲ್ಲರೂ ಹೇಳುತ್ತಾರೆ. ನಿಜವಾ?

ಉತ್ತರ: ಪೂರ್ತಿ ನಿಜವಲ್ಲ. ಸಂಬಳದ ಮಾತು ಕೇಳಿ ಸುಮ್ಮನಾದವರು ಜಾಸ್ತಿ, ಅದಕ್ಕೇ ಸ್ವಲ್ಪ ಬಿಡಿಸಿ ಹೇಳುತ್ತೇನೆ.

1986ರಲ್ಲಿ ಸುಪ್ರೀಂ ಕೋರ್ಟಿಗೆ ಬಿಹಾರದ ಲಲಿತ್ ನಾರಾಯಣ ಮಿಥಿಲಾ ವಿಶ್ವವಿದ್ಯಾಲಯದ ಒಂದು ಪ್ರಕರಣ ಬಂತು. ಪ್ರಾಂಶುಪಾಲರಾಗಿದ್ದ ದಯಾನಂದ ಝಾ ಅವರನ್ನು ರೀಡರ್ ಎಂಬ ಬೋಧಕ ಹುದ್ದೆಗೆ ವರ್ಗ ಮಾಡಿದ್ದರು. ಎರಡಕ್ಕೂ ವೇತನ ಶ್ರೇಣಿ ಒಂದೇ, ಆದ್ದರಿಂದ ಎರಡೂ ಸಮಾನ ಹುದ್ದೆ ಅನ್ನೋದು ವಿಶ್ವವಿದ್ಯಾಲಯದ ವಾದ. ಕೋರ್ಟ್ ಒಪ್ಪಲಿಲ್ಲ. ಹುದ್ದೆಯ ಸ್ಥಾನಮಾನ ಏನು, ಕೆಲಸ ಎಂಥದ್ದು, ಹೊಣೆ ಎಷ್ಟು ಅನ್ನುವುದೇ ನಿಜವಾದ ಅಳತೆ ಎಂದಿತು. ಕಾಲೇಜು ನಡೆಸುವವರಿಗೂ ಅಲ್ಲಿ ಪಾಠ ಮಾಡುವವರಿಗೂ ಸಂಬಳ ಒಂದೇ ಇರಬಹುದು, ಹೊಣೆ ಒಂದೇ ಅಲ್ಲ, ಅಲ್ವಾ? ನಿಮ್ಮ ಕೇಸಿಗೆ ಇದೇ ಬೆನ್ನೆಲುಬು.

ಸಂವಿಧಾನದ 311ನೇ ವಿಧಿಯೂ ಇದೆ. ವಿಚಾರಣೆ ನಡೆಸದೆ, ನಿಮ್ಮ ಮಾತು ಕೇಳದೆ ಸರ್ಕಾರಿ ನೌಕರನ ದರ್ಜೆ ಇಳಿಸುವಂತಿಲ್ಲ. ನಿಗಮ, ಮಂಡಳಿಯ ನೌಕರರಿಗೆ ಈ ವಿಧಿ ನೇರವಾಗಿ ಅನ್ವಯಿಸುವುದಿಲ್ಲ, ಅವರು ತಮ್ಮ ಸಂಸ್ಥೆಯ ಸೇವಾ ನಿಯಮ ನೋಡಬೇಕು. ಶಿಕ್ಷೆ ಕೊಡುವ ಬದಲು ವರ್ಗ ಮಾಡುವುದೂ ತಪ್ಪೇ. ಅನಾಮಧೇಯ ದೂರೊಂದರ ಬೆನ್ನಿಗೆ, ಅದರಲ್ಲಿ ಹುರುಳಿಲ್ಲ ಎಂದು ಗೊತ್ತಾದ ಮೇಲೂ, ಭೋಪಾಲದ ಅಧಿಕಾರಿ ಸೋಮೇಶ್ ತಿವಾರಿ ಅವರನ್ನು ಶಿಲ್ಲಾಂಗ್‌ಗೆ ಕಳಿಸಿದ್ದ ಆದೇಶವನ್ನು ಸುಪ್ರೀಂ ಕೋರ್ಟ್ ಉಳಿಸಲಿಲ್ಲ.

ಆದರೆ ಕಷ್ಟದ ಮಾತನ್ನೂ ಹೇಳಲೇಬೇಕು. ವರ್ಗಾವಣೆ ನೌಕರಿಯ ಭಾಗ ಅಂತ ಕೋರ್ಟುಗಳು ಮತ್ತೆ ಮತ್ತೆ ಹೇಳಿವೆ. ಬರೀ 'ದ್ವೇಷಕ್ಕೆ ಮಾಡಿದರು' ಅಂದರೆ ನಡೆಯುವುದಿಲ್ಲ. ತಮಿಳುನಾಡಿನ ಮುಖ್ಯ ಕಾರ್ಯದರ್ಶಿಯಾಗಿದ್ದ ರಾಯಪ್ಪ ಅವರನ್ನು ಮೊದಲು ರಾಜ್ಯ ಯೋಜನಾ ಆಯೋಗಕ್ಕೆ, ಆಮೇಲೆ ವಿಶೇಷ ಕರ್ತವ್ಯಾಧಿಕಾರಿಯ ಹುದ್ದೆಗೆ ಹಾಕಿದಾಗ ಅವರು ಕೋರ್ಟಿಗೆ ಹೋದರು. 1974ರ ಆ ತೀರ್ಪು ಮನಸೋಇಚ್ಛೆಯ ಆಡಳಿತ ಸಮಾನತೆಗೆ ವಿರುದ್ಧ ಎಂದು ಹೇಳಿ ಇಡೀ ದೇಶಕ್ಕೆ ದಾರಿ ತೋರಿಸಿತು. ಆದರೆ ರಾಯಪ್ಪ ಸೋತರು, ದುರುದ್ದೇಶ ಸಾಬೀತಾಗಲಿಲ್ಲ. ಆದ್ದರಿಂದ ದ್ವೇಷದ ಕತೆಗಿಂತ ಹುದ್ದೆಯ ಹೋಲಿಕೆಯನ್ನೇ ಮುಂದಿಡಿ. ಅದು ಕಾಗದದಲ್ಲೇ ಸಿಗುತ್ತದೆ.

ಇನ್ನೊಂದು ದೊಡ್ಡ ತಪ್ಪು, ಸಿಟ್ಟಿನಲ್ಲಿ ಹೊಸ ಜಾಗಕ್ಕೆ ಹೋಗದೆ ಮನೆಯಲ್ಲಿ ಕೂರುವುದು. ಗುಜರಾತ್ ವಿದ್ಯುತ್ ಮಂಡಳಿಯ ಎಂಜಿನಿಯರೊಬ್ಬರು ಹಾಗೇ ಮಾಡಿ ಕೆಲಸ ಕಳೆದುಕೊಂಡರು, 1989ರಲ್ಲಿ ಸುಪ್ರೀಂ ಕೋರ್ಟ್ ಕೂಡ ಅವರ ಕೈ ಹಿಡಿಯಲಿಲ್ಲ. ಸ್ಟೇ ಸಿಗದಿದ್ದರೆ ಹೋಗಿ ಹಾಜರಾಗಿ. 'ನನ್ನ ಆಕ್ಷೇಪ ಉಳಿಸಿಕೊಂಡು ಹಾಜರಾಗುತ್ತಿದ್ದೇನೆ' ಎಂದು ಬರೆದು ಕೊಟ್ಟು, ಸ್ವೀಕೃತಿ ಹಾಕಿಸಿಕೊಳ್ಳಿ.

ನೀವು ರಾಜ್ಯ ಸರ್ಕಾರಿ ನೌಕರರಾದರೆ ಹೋಗಬೇಕಾದದ್ದು ಕೆಎಟಿಗೆ, ಅಂದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಬೆಂಗಳೂರಿನಲ್ಲಷ್ಟೇ ಅಲ್ಲ, ಬೆಳಗಾವಿ, ಕಲಬುರಗಿಯಲ್ಲೂ ಪೀಠ ಇದೆ. ಕೇಂದ್ರ ಸರ್ಕಾರದ ನೌಕರರಿಗೆ ಸಿಎಟಿ, ಅಂದರೆ ಕೇಂದ್ರ ಆಡಳಿತ ನ್ಯಾಯಮಂಡಳಿ. ಖಾಸಗಿ ಕಂಪನಿಯ ಕಾರ್ಮಿಕರ ದಾರಿ ಬೇರೆ, ಅವರದ್ದು ಕೈಗಾರಿಕಾ ವಿವಾದದ ಹಾದಿ. ಅರ್ಜಿಗೆ ಸಾಮಾನ್ಯವಾಗಿ ಒಂದು ವರ್ಷದ ಗಡುವು ಇದೆ, ಆದರೆ ಅದನ್ನು ನಂಬಿ ಕೂರಬೇಡಿ. ನಿಮ್ಮ ಜಾಗಕ್ಕೆ ಬಂದವರು ಚಾರ್ಜ್ ತೆಗೆದುಕೊಂಡುಬಿಟ್ಟರೆ ಸ್ಟೇ ಸಿಗುವುದು ತುಂಬ ಕಷ್ಟ. ಮೇಲಧಿಕಾರಿಗೆ ಮನವಿ ಕೊಟ್ಟ ವಾರದಲ್ಲೇ ವಕೀಲರನ್ನು ನೋಡಿ.

ಹೋಗುವಾಗ ಎರಡೂ ಹುದ್ದೆಗಳ ಕೆಲಸ ಹಂಚಿಕೆ ಆದೇಶ ಇರಲಿ. ನೀವು ಯಾರ ರಜೆ ಮಂಜೂರು ಮಾಡುತ್ತಿದ್ದಿರಿ, ಈಗ ನಿಮ್ಮ ರಜೆ ಯಾರು ಮಂಜೂರು ಮಾಡುತ್ತಾರೆ ಅನ್ನುವ ದಾಖಲೆ ಇರಲಿ. ಎಲ್ಲಕ್ಕಿಂತ ಮುಖ್ಯವಾಗಿ ನಿಮ್ಮ ಇಲಾಖೆಯ ವೃಂದ ಮತ್ತು ನೇಮಕಾತಿ ನಿಯಮ. ಈಗ ಕೊಟ್ಟಿರುವ ಹುದ್ದೆಯಿಂದ ನಿಮ್ಮ ಹಳೆಯ ಹುದ್ದೆಗೆ ಬಡ್ತಿ ಸಿಗುತ್ತದೆ ಎಂದು ಅದರಲ್ಲಿದ್ದರೆ, ಆ ಪುಟವನ್ನು ಅರ್ಜಿಗೆ ಮೊದಲು ಲಗತ್ತಿಸಿ.