ಮಂತ್ರದಂತೆ ಕಾಣುವ ಲೆಕ್ಕ: ಓಲೆಯನ್ನು ತಿದ್ದಬೇಡಿ

ಕಾಸರಗೋಡು ಕಡೆಯ ಹಳೆಯ ಮನೆಗಳ ಅಟ್ಟದಿಂದ ಇಳಿದು ನನ್ನ ಕೈಗೆ ಬರುವ ತಾಳೆಗರಿಯ ಓಲೆಕಟ್ಟುಗಳಲ್ಲಿ ತುಳು ಲಿಪಿಯವೇ ಜಾಸ್ತಿ. ಭಾಷೆ ಹೆಚ್ಚಾಗಿ ಸಂಸ್ಕೃತ. ಮನೆಯವರಿಗೆ ಲಿಪಿ ಓದಲು ಬರುವುದಿಲ್ಲ. "ಏನೋ ಮಂತ್ರ ಇರ್ಬೇಕು ಮಾಷ್ಟ್ರೇ, ಅಜ್ಜ ಯಾರಿಗೂ ಮುಟ್ಲಿಕ್ಕೆ ಬಿಡ್ತಿರ್ಲಿಲ್ಲ" ಎನ್ನುತ್ತಾರೆ. ಅಜ್ಜ ಮಾಡಿದ್ದು ಸರಿ. ಆದರೆ ಆ ಕಟ್ಟುಗಳಲ್ಲಿ ಕೆಲವು ಮಂತ್ರವಲ್ಲ, ಕಾಲದ ಲೆಕ್ಕ.

ಒಂದು ಓಲೆಯನ್ನೇ ನೋಡೋಣ. ಮೊದಲ ಸಾಲಿನಲ್ಲಿ "ಗೀರ್ನಃ ಶ್ರೇಯಃ" ಎಂದಿದೆ. ಮುಂದೆ "ಧೇನವಃ ಶ್ರೀಃ". ಹೀಗೆ ಸಾಗಿ ಕೊನೆಗೆ "ಭವೇತ್ ಸುಖಂ". ಕೇಳಿದರೆ ಆಶೀರ್ವಾದದ ಹಾಗಿದೆ, ಅಲ್ವಾ? ಇವು ಚಂದ್ರವಾಕ್ಯಗಳು. ಪರಂಪರೆಯಲ್ಲಿ ವರರುಚಿ ಎಂಬ ಹಳೆಯ ಜ್ಯೋತಿಷಿಯ ಹೆಸರಿನಲ್ಲಿ ಬಂದಿವೆ. ಒಟ್ಟು 248. ಚಂದ್ರ ಭೂಮಿಯಿಂದ ಅತಿ ದೂರದ ಜಾಗದಿಂದ ಹೊರಟು ಮತ್ತೆ ಅಂಥದೇ ಜಾಗಕ್ಕೆ ಬರಲು ಇಪ್ಪತ್ತೇಳೂವರೆ ದಿನಕ್ಕಿಂತ ತುಸು ಹೆಚ್ಚು ಬೇಕು. ಅಂಥ ಒಂಬತ್ತು ಸುತ್ತು ಸೇರಿದರೆ 248 ದಿನ. ದಿನಕ್ಕೊಂದು ವಾಕ್ಯ, ಪೂರ್ತಿ ಸುತ್ತುಗಳನ್ನು ಬಿಟ್ಟು ಆ ದಿನದವರೆಗೆ ಚಂದ್ರ ಎಷ್ಟು ಸಾಗಿದ ಎನ್ನುವುದಕ್ಕೆ.

ವಾಕ್ಯದೊಳಗೆ ಅಂಕಿ ಅಡಗಿರುವುದು ಕಟಪಯಾದಿ ಕ್ರಮದಲ್ಲಿ. ಕ, ಟ, ಪ, ಯ ನಾಲ್ಕೂ 1. ಅಲ್ಲಿಂದ ಮುಂದಕ್ಕೆ ವರ್ಣಮಾಲೆಯ ಕ್ರಮದಲ್ಲಿ ಎಣಿಸುತ್ತಾ ಹೋಗಬೇಕು: ಖ 2, ಗ 3, ಹಾಗೆಯೇ ಯ ಆದ ಮೇಲೆ ರ 2. ಞ, ನ ಮತ್ತು ಒಂಟಿ ಸ್ವರ ಸೊನ್ನೆ. ಒತ್ತಕ್ಷರ ಬಂದರೆ ಕೊನೆಯ ವ್ಯಂಜನ ಮಾತ್ರ ಲೆಕ್ಕಕ್ಕೆ. "ಗೀರ್ನಃ ಶ್ರೇಯಃ" ಎಂದರೆ ಗ 3, ನ 0, ರ 2, ಯ 1. ಬಲದಿಂದ ಎಡಕ್ಕೆ ಓದಿ: 1203. ಅಂದರೆ 12 ಡಿಗ್ರಿ 3 ಕಲೆ (ಒಂದು ಡಿಗ್ರಿಯ ಅರವತ್ತನೇ ಒಂದು ಭಾಗವೇ ಕಲೆ). "ಧೇನವಃ ಶ್ರೀಃ" 24 ಡಿಗ್ರಿ 9 ಕಲೆ. "ಭವೇತ್ ಸುಖಂ" 27 ಡಿಗ್ರಿ 44 ಕಲೆ. ಆಕಾಶದಲ್ಲಿ ಚಂದ್ರನ ನಡೆಯನ್ನು ಬಾಯಿಪಾಠ ಮಾಡುವ ಹಾಗೆ ಕಟ್ಟಿದವರ ಬುದ್ಧಿಗೆ ನಾನು ಇವತ್ತಿಗೂ ತಲೆಬಾಗುತ್ತೇನೆ.

ಈಗ "ಶ್ರೇಯಃ" ಎಂಬಲ್ಲಿ ಹುಳ ಕೊರೆದು ರ ಒತ್ತು ಹೋಗಿದೆ ಎಂದುಕೊಳ್ಳಿ. ಪ್ರತಿ ಮಾಡುವವರು "ಶೇಯಃ" ಎಂದು ಬರೆದರು. ಶ ಎಂದರೆ 5. ಲೆಕ್ಕ 15 ಡಿಗ್ರಿ 3 ಕಲೆ ಆಯಿತು, ಮೂರು ಡಿಗ್ರಿ ಜಾಸ್ತಿ. ಚಂದ್ರ ಸೂರ್ಯನಿಂದ 12 ಡಿಗ್ರಿ ಮುಂದೆ ಸರಿದರೆ ಒಂದು ತಿಥಿ. ಹಾಗಾಗಿ ಮೂರು ಡಿಗ್ರಿ ತಪ್ಪಿದರೆ ತಿಥಿ ಸುಮಾರು ಆರು ಗಂಟೆ ಅತ್ತಿತ್ತ ಆಗುತ್ತದೆ. ಏಕಾದಶಿಯ ಉಪವಾಸ ಯಾವ ದಿನ ಎನ್ನುವುದೇ ಬದಲಾಗಬಹುದು. ಅದೇ "ಗೀರ್ನಃ" ಎಂಬುದು "ಗಿರ್ನಃ" ಆದರೆ ಅಂಕಿಗೆ ಏನೂ ಆಗುವುದಿಲ್ಲ, ಸ್ವರ ಹ್ರಸ್ವವೋ ದೀರ್ಘವೋ ಲೆಕ್ಕಕ್ಕಿಲ್ಲ. ಇನ್ನೂ ದೊಡ್ಡ ಅಪಾಯ ಜಾಣ ಪ್ರತಿಕಾರರದ್ದು. ಅರ್ಥ ಕೂಡಲಿಲ್ಲ ಎಂದು ಒಳ್ಳೆಯ ಪದ ಹಾಕಿಬಿಡುತ್ತಾರೆ. ವಾಕ್ಯ ಚಂದವಾಗುತ್ತದೆ, ಚಂದ್ರ ದಾರಿ ತಪ್ಪುತ್ತಾನೆ.

ಕಾಲದ ಗುಟ್ಟನ್ನು ಕಾಯುವ ಲಿಪಿಕಾರರ ಬಳಗದ ಕಥೆಗಳು ಮಕ್ಕಳಿಗೆ ಇಷ್ಟ. ನಮ್ಮ ಊರುಗಳಲ್ಲಿ ಕಂಟ (ಮೊನಚಾದ ಲೋಹದ ಲೇಖನಿ) ಹಿಡಿದು ಓಲೆ ಕೊರೆದವರು ಅಂಥ ಬಳಗವೇನೂ ಕಟ್ಟಿರಲಿಲ್ಲ. ಆದರೂ ಅವರಿಗೆಲ್ಲ ಒಂದು ಮಾತು ಗೊತ್ತಿತ್ತು. "ಯಾದೃಶಂ ಪುಸ್ತಕಂ ದೃಷ್ಟ್ವಾ ತಾದೃಶಂ ಲಿಖಿತಂ ಮಯಾ". ಹೇಗೆ ಕಂಡಿತೋ ಹಾಗೆ ಬರೆದೆ. ಗ್ರಂಥದ ಕೊನೆಯಲ್ಲಿ ಈ ಶ್ಲೋಕ ಆಗಾಗ ಸಿಗುತ್ತದೆ. ಇದನ್ನು ತಪ್ಪಿಸಿಕೊಳ್ಳುವ ಮಾತು ಎಂದು ಕೆಲವರು ಹೇಳುತ್ತಾರೆ. ನಾನು ಒಪ್ಪುವುದಿಲ್ಲ. ಲೆಕ್ಕದ ಓಲೆಗೆ ಇದಕ್ಕಿಂತ ಒಳ್ಳೆಯ ನಿಯಮ ಇಲ್ಲ.

ತಪ್ಪು ಹಿಡಿಯಲು ದಾರಿಯೂ ಇದೆ. ಚಂದ್ರ ದಿನಕ್ಕೆ ಸುಮಾರು 12ರಿಂದ 15 ಡಿಗ್ರಿ ಸಾಗುತ್ತಾನೆ. ಮೊದಲ ದಿನ 15 ಡಿಗ್ರಿ 3 ಕಲೆ, ಮರುದಿನ 24 ಡಿಗ್ರಿ 9 ಕಲೆ ಎಂದಾದರೆ ನಡುವೆ ಬರೀ ಒಂಬತ್ತು ಡಿಗ್ರಿ. ಅಷ್ಟು ನಿಧಾನಕ್ಕೆ ಚಂದ್ರ ನಡೆಯುವುದಿಲ್ಲ. ಎಲ್ಲೋ ಅಕ್ಷರ ಕೆಟ್ಟಿದೆ. ಇದನ್ನು ನೋಟ್‌ಬುಕ್ಕಿನಲ್ಲಿ ಬರೆದಿಡಿ, ಓಲೆಯ ಮೇಲೆ ಬೇಡ. ಓಲೆಯಲ್ಲಿರುವ ತಪ್ಪು ಪಾಠವೂ ಬೇಕು. ಯಾವ ಪ್ರತಿಯಿಂದ ಯಾವುದು ಇಳಿದು ಬಂತು ಎಂದು ತಿಳಿಯುವುದು ಅಂಥ ತಪ್ಪುಗಳಿಂದಲೇ.

ಅಕ್ಷರ ಮಸುಕಾಗಿದೆ ಎಂದು ಮನೆಯಲ್ಲೇ ಮಸಿ ಉಜ್ಜುವವರಿದ್ದಾರೆ. ಮಸಿಗೆ ಕಂಟದ ಗೆರೆ ಯಾವುದು, ಬಿರುಕು ಯಾವುದು ಗೊತ್ತಾಗುವುದಿಲ್ಲ. ಎರಡರಲ್ಲೂ ಕೂರುತ್ತದೆ. ಇಲ್ಲದ ಒತ್ತು ಹುಟ್ಟಿಕೊಳ್ಳುತ್ತದೆ. ಆದ್ದರಿಂದ ಮೊದಲು ಫೋಟೋ. ಬೆಳಕು ಒಂದು ಬದಿಯಿಂದ ಓರೆಯಾಗಿ ಬೀಳಲಿ, ಮಸಿ ಇಲ್ಲದೆಯೂ ಕೊರೆದ ಗೆರೆ ಎದ್ದು ಕಾಣುತ್ತದೆ. ತೆಂಗಿನೆಣ್ಣೆ ಬೇಡ, ಜಿಡ್ಡು ಹಿಡಿದು ಧೂಳು ಅಂಟುತ್ತದೆ. ಮೆದುವಾಗಿಸಲು ನಾವು ಮಜ್ಜಿಗೆ ಹುಲ್ಲಿನ ಎಣ್ಣೆ ಬಳಸುತ್ತೇವೆ, ಅದೂ ತೀರಾ ಸ್ವಲ್ಪ. ಬಿಸಿಲಿಗೆ ಒಣಹಾಕಿದರೆ ಓಲೆ ಪುಡಿಯಾಗುತ್ತದೆ. ರಬ್ಬರ್ ಬ್ಯಾಂಡ್, ಲ್ಯಾಮಿನೇಷನ್ ಎರಡೂ ಬೇಡ. ದಾರ ಹರಿದಿದ್ದರೆ ಅಂದಾಜಿನಲ್ಲಿ ಪೋಣಿಸಬೇಡಿ. ಓಲೆಯ ಅಂಚಿನಲ್ಲಿ ಪುಟದ ಅಂಕೆ ಇದೆಯೇ ಎಂದು ನೋಡಿ.

ನವರಾತ್ರಿಯಲ್ಲಿ ಪುಸ್ತಕಪೂಜೆಗೆ ಕಟ್ಟನ್ನು ಇಳಿಸಿ ಗಂಧ, ಕುಂಕುಮ ಹಚ್ಚುವ ಮನೆಗಳು ನಮ್ಮಲ್ಲಿವೆ. ಇಳಿಸಿ, ಪೂಜೆ ಮಾಡಿ. ವರ್ಷಕ್ಕೊಮ್ಮೆಯಾದರೂ ಗಾಳಿ ಆಡುತ್ತದೆ, ಒರಲೆ ಹತ್ತಿದ್ದರೆ ಕಣ್ಣಿಗೆ ಬೀಳುತ್ತದೆ. ಆದರೆ ಒದ್ದೆ ಗಂಧ ಓಲೆಗೆ ತಾಗಿದರೆ ಬೂಷ್ಟು ಹಿಡಿಯುತ್ತದೆ, ಅದರ ಕೆಳಗಿನ ಅಕ್ಷರ ಹೋಗುತ್ತದೆ. ಕಟ್ಟನ್ನು ಹತ್ತಿ ಬಟ್ಟೆಯಲ್ಲಿ ಸುತ್ತಿ, ಕುಂಕುಮವನ್ನು ಆ ಬಟ್ಟೆಗೆ ಹಚ್ಚಿ. ಪೂಜೆ ಮುಗಿದ ಮೇಲೆ ಬಟ್ಟೆ ಬದಲಿಸಿ ಮೇಲಿಡಿ.