ಯಾವ ಚಂದ್ರಶೇಖರ್ ಬೇಕು?

"ಸಾರ್, ಈ ವಿಜ್ಞಾನಿ ಬರೆದ ಪೇಪರ್‌ಗಳೇ ಸಿಗ್ತಿಲ್ಲ" ಅಂತ ನಮ್ಮ ಲೈಬ್ರರಿಗೆ ಬರುವ ಸಂಶೋಧನಾ ವಿದ್ಯಾರ್ಥಿಗಳನ್ನು ಏನು ಹುಡುಕಿದಿರಿ ಅಂತ ಕೇಳಿ ನೋಡಿ. ಹೆಸರು. ಬರೀ ಹೆಸರು! ಸಂಶೋಧನಾ ಪೇಪರ್ ಹುಡುಕುವ ಗೂಗಲ್ ಸ್ಕಾಲರ್‌ನಲ್ಲಿ ಅದನ್ನು ಹಾಕಿ, ಮೊದಲ ಪುಟದಲ್ಲಿ ಬಂದದ್ದನ್ನೆಲ್ಲ ಇಳಿಸಿಕೊಂಡಿರುತ್ತಾರೆ.

ಎಸ್. ಚಂದ್ರಶೇಖರ್ ಅನ್ನುವ ಹೆಸರನ್ನೇ ತೆಗೆದುಕೊಳ್ಳಿ, ಇಬ್ಬರಿದ್ದರು. ಸುಬ್ರಹ್ಮಣ್ಯನ್ ಚಂದ್ರಶೇಖರ್ ಶಿಕಾಗೊದಲ್ಲಿದ್ದವರು, ನಕ್ಷತ್ರಗಳ ಅಧ್ಯಯನಕ್ಕೆ 1983ರಲ್ಲಿ ನೊಬೆಲ್ ಪಡೆದವರು. ಶಿವರಾಮಕೃಷ್ಣ ಚಂದ್ರಶೇಖರ್ ಮೈಸೂರು ವಿಶ್ವವಿದ್ಯಾಲಯದಲ್ಲಿದ್ದು, ಆಮೇಲೆ ಬೆಂಗಳೂರಿನ ರಾಮನ್ ಸಂಶೋಧನಾ ಸಂಸ್ಥೆಯಲ್ಲಿ ಲಿಕ್ವಿಡ್ ಕ್ರಿಸ್ಟಲ್ (ದ್ರವಸ್ಫಟಿಕ) ಪ್ರಯೋಗಾಲಯ ಕಟ್ಟಿದವರು. ಇಬ್ಬರೂ ಭೌತವಿಜ್ಞಾನಿಗಳು. ಸಾಲದ್ದಕ್ಕೆ ಸಿ.ವಿ. ರಾಮನ್ ಒಬ್ಬರಿಗೆ ಚಿಕ್ಕಪ್ಪ, ಇನ್ನೊಬ್ಬರಿಗೆ ಸೋದರಮಾವ! ಲಿಕ್ವಿಡ್ ಕ್ರಿಸ್ಟಲ್ ಬೇಕಾದ ಹುಡುಗಿಯೊಬ್ಬಳು ಕಪ್ಪುಕುಳಿಯ ಪೇಪರ್‌ಗಳ ಕಟ್ಟು ಹಿಡಿದು ಬಂದಿದ್ದಳು. ಪಾಪ, ಬೈಯಲಿಕ್ಕೂ ಮನಸ್ಸು ಬರಲಿಲ್ಲ.

ನಾನು ಎಲ್ಲರಿಗೂ ಹೇಳುವುದು ಇಷ್ಟೇ. ಮೊದಲು ಇದು ಅವರದ್ದೇ ಅಂತ ಖಾತ್ರಿಯಿರುವ ಒಂದು ಪೇಪರ್ ಹಿಡಿಯಿರಿ. ಒಂದು ಸಾಕು. ತಟ್ಟೆಯಾಕಾರದ ಅಣುಗಳ ಲಿಕ್ವಿಡ್ ಕ್ರಿಸ್ಟಲ್ ಬಗ್ಗೆ 1977ರಲ್ಲಿ 'ಪ್ರಮಾಣ' ಅನ್ನುವ ಭೌತವಿಜ್ಞಾನ ಪತ್ರಿಕೆಯಲ್ಲಿ ಬಂದ ಪೇಪರ್ ಇದೆಯಲ್ಲ, ಅದರಲ್ಲಿ ಬಿ.ಕೆ. ಸದಾಶಿವ, ಕೆ.ಎ. ಸುರೇಶ್ ಅವರ ಹೆಸರೂ ಇವೆ. ಈಗ ಚಂದ್ರಶೇಖರ್ ಜೊತೆ ಸದಾಶಿವ ಅಂತ ಸೇರಿಸಿ ಹುಡುಕಿ. ನಕ್ಷತ್ರಗಳೆಲ್ಲ ಮಾಯ! ಆಮೇಲೆ ಆ ಪೇಪರಿನ ಕೊನೆಯ ಉಲ್ಲೇಖಪಟ್ಟಿ ಓದಿ. ಸಂಶೋಧಕರು ತಮ್ಮ ಹಳೆಯ ಕೆಲಸವನ್ನು ತಾವೇ ಉಲ್ಲೇಖಿಸಿಕೊಳ್ಳುತ್ತಾರೆ, ಸ್ವಲ್ಪ ಜಾಸ್ತಿಯೇ. ನಮಗೆ ಅದರಿಂದ ಉಪಕಾರ. ಜೊತೆಗಾರರು, ಸಂಸ್ಥೆ, ವರ್ಷ ಇವು ಮೂರೂ ತಾಳೆಯಾದರೆ ಬಹುಮಟ್ಟಿಗೆ ನಂಬಬಹುದು. ಬಹುಮಟ್ಟಿಗೆ ಮಾತ್ರ.

ನಮ್ಮ ಇನಿಷಿಯಲ್‌ಗಳದ್ದು ಇನ್ನೊಂದು ತಲೆನೋವು. ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್ ಡೇಟಾಬೇಸಿನಲ್ಲಿ 'ಶ್ರೀನಿವಾಸ್ ಎಂ ಎನ್' ಆಗುತ್ತಾರೆ. ಎರಡೂ ರೀತಿ ಹಾಕಿ ನೋಡಿ.

ಒಬ್ಬೊಬ್ಬ ಸಂಶೋಧಕರಿಗೂ ಬೇರೆಬೇರೆ ಗುರುತಿನ ಸಂಖ್ಯೆ ಕೊಡುವ ಆರ್ಕಿಡ್ (ORCID) ಐಡಿ ಇದೆಯಲ್ವಾ ಅಂತ ಕೇಳುವವರಿದ್ದಾರೆ. ಇದೆ, 16 ಅಂಕಿಯದ್ದು. ಆದರೆ ಅದು ಶುರುವಾದದ್ದೇ 2012ರಲ್ಲಿ, ಪಟ್ಟಿ ತುಂಬಿಸಿಕೊಳ್ಳುವುದು ಸಂಶೋಧಕರಿಗೇ ಬಿಟ್ಟದ್ದು. ತೀರಿಹೋದವರು ಎಲ್ಲಿಂದ ತುಂಬಿಸಬೇಕು? ಅಷ್ಟೇನೂ ಹೆಸರು ಮಾಡದವರಾದರೆ ಭಾರತದ ಪ್ರಬಂಧಗಳ ಆನ್‌ಲೈನ್ ಭಂಡಾರವಾದ 'ಶೋಧಗಂಗಾ'ದಲ್ಲಿ ಅವರ ಪಿಎಚ್‌ಡಿ ಪ್ರಬಂಧ ಹುಡುಕಿ. ಸಿಕ್ಕರೆ ಗೈಡ್ ಹೆಸರು ಅಲ್ಲೇ ಇರುತ್ತದೆ. ಮೊದಮೊದಲ ಪೇಪರ್‌ಗಳನ್ನು ಸಾಮಾನ್ಯವಾಗಿ ಗೈಡ್ ಜೊತೆಯಲ್ಲೇ ಬರೆದಿರುತ್ತಾರೆ.

ಒಬ್ಬರೇ ಬರೆದ ಪೇಪರ್‌ಗಳು ಈ ದಾರಿಯಲ್ಲಿ ತಪ್ಪಿಹೋಗಬಹುದು. ಅದಕ್ಕೆ ಅವರು ಕೆಲಸ ಮಾಡಿದ ಸಂಸ್ಥೆಯ ಲೈಬ್ರರಿಗೆ ಒಂದು ಇಮೇಲ್ ಹಾಕಿ. ಉತ್ತರ ತಡವಾದರೂ ಕಾಯಿರಿ. ನಾವೂ ಮನುಷ್ಯರೇ.